ಐದು ಗಿಡದ ತೂಕ

ಮೊನ್ನೆ ಲಸಿಕೆ ತಪಾಸಣೆಗೆಂದು ಕೊಪ್ಪದ ಕಡೆ ಹೋಗಿದ್ದೆ. ಜೀಪಿನ ಕಿಟಕಿ ಇಳಿಸಿದ್ದೇ ತಡ, ಕಬ್ಬಿನ ಹಾಲು ಕುದಿಯುವ ವಾಸನೆ ಮುಖಕ್ಕೆ ಬಡಿಯಿತು. ಬೇರೆಯವರಿಗೆ ಆ ವಾಸನೆಗೆ ಬಾಯಲ್ಲಿ ನೀರೂರುತ್ತದೆ, ನನಗೆ ಅಂಗೈ ಬೆವರುತ್ತದೆ. ಮಳವಳ್ಳಿಯಲ್ಲಿ ಹುಟ್ಟಿ, ಬೆಲ್ಲ ಕದ್ದು ತಿಂದೇ ಬೆಳೆದ ನನಗೆ ಹೀಗಾಗಬಾರದಿತ್ತು. ಆದರೆ ಒಂದು ಕಟಾವಿನ ಕಾಲದಲ್ಲಿ, ಇದೇ ವಾಸನೆಯ ನಡುವೆ ನಿಂತು, ನಾನೊಂದು ಸಹಿ ಹಾಕಿದ್ದೆ.

"ಬೆಲ್ಲ ತಗೋತೀರಾ ಮೇಡಂ, ನಿಲ್ಲಿಸ್ಲಾ?" ಎಂದ ಡ್ರೈವರ್.

"ನಿಲ್ಸಪ್ಪ" ಎಂದೆ. ಆಲೆಮನೆಯ ಮುಂದೆ ಜೀಪು ನಿಂತಿತು. ಇಳಿಯಲು ಮಾತ್ರ ನನಗೆ ಸ್ವಲ್ಪ ಹೊತ್ತು ಹಿಡಿಯಿತು.

ಆಗ ನಾನು ಇದೇ ಊರಿನ ಪಶು ಆಸ್ಪತ್ರೆಯಲ್ಲಿ ಡಾಕ್ಟರಾಗಿದ್ದೆ. ಊರಿನ ಹೆಸರು ಬರೆಯುವುದಿಲ್ಲ. ಬರೆದರೆ ಅಲ್ಲಿಯವರು ಬಸ್ಸು ಹತ್ತಿ ಮಂಡ್ಯದ ನನ್ನ ಆಫೀಸಿಗೇ ಬಂದು ಬೈಯುತ್ತಾರೆ. ಕೊಪ್ಪದಿಂದ ಒಳಕ್ಕೆ ತಿರುಗಿ, ಎರಡೂ ಕಡೆಯ ಕಬ್ಬು ಬಗ್ಗಿ ಸ್ಕೂಟರಿನ ಕನ್ನಡಿ ಒರೆಸುವ ರಸ್ತೆಯಲ್ಲಿ ಹೋದರೆ ಸಿಗುತ್ತದೆ ಎಂದಷ್ಟೇ ಹೇಳುತ್ತೇನೆ. ಆಸ್ಪತ್ರೆ ಎಂದರೆ ಒಂದು ಕೋಣೆ, ದನ ಕಟ್ಟಿ ನಿಲ್ಲಿಸಲು ಅಂಗಳದಲ್ಲೊಂದು ಕಬ್ಬಿಣದ ಚೌಕಟ್ಟು, ಮತ್ತು ಪುಟ್ಟಸ್ವಾಮಿ ಎಂಬ ಅಟೆಂಡರ್. ಪುಟ್ಟಸ್ವಾಮಿಗೆ ಇಂಜೆಕ್ಷನ್ ಕೊಡಲು ಬರುತ್ತಿರಲಿಲ್ಲ, ಸುದ್ದಿ ಕೊಡಲು ಚೆನ್ನಾಗಿ ಬರುತ್ತಿತ್ತು.

ಊರಿನಲ್ಲಿ ನನಗೊಬ್ಬ ಎದುರಾಳಿ ಇದ್ದ. ಬೋರಣ್ಣ. ಎಪ್ಪತ್ತರ ಆಸುಪಾಸಿನ ಮನುಷ್ಯ, ಅರ್ಧ ಎಕರೆ ಜಮೀನು, ಒಂದು ಎಮ್ಮೆ, ಸಣ್ಣಮ್ಮ ಎಂಬ ಹೆಂಡತಿ. ದನದ ನಾಟಿ ವೈದ್ಯ. ಹಸುವಿಗೆ ಹೊಟ್ಟೆ ಉಬ್ಬರಿಸಿದರೆ, ಎತ್ತಿಗೆ ಭೇದಿಯಾದರೆ, ಕರು ಅಡ್ಡ ಸಿಕ್ಕಿಕೊಂಡರೆ ಊರವರ ಕಾಲು ಮೊದಲು ತಿರುಗುವುದು ಬೋರಣ್ಣನ ಮನೆಯ ಕಡೆಗೆ. ನನ್ನ ಹತ್ತಿರ ಬರುತ್ತಿದ್ದವರು ವಿಮೆ ಸರ್ಟಿಫಿಕೇಟಿಗೆ. ಅಂದರೆ ದನ ಬದುಕಿದರೆ ಬೋರಣ್ಣ, ಸತ್ತರೆ ನಾನು. ಐದು ವರ್ಷ ಓದಿ, ಚಿನ್ನದ ಪದಕದ ಅಂಚಿನವರೆಗೂ ಹೋಗಿ ಬಂದವಳಿಗೆ ಇದು ಎಷ್ಟು ಉರಿಯುತ್ತದೆ ಎಂದು ನೀವೇ ಯೋಚಿಸಿ. ಒಂದು ಬೆಳಿಗ್ಗೆ ಡೈರಿಯ ಮುಂದೆ, ಹಾಲು ಹಾಕಲು ನಿಂತ ಸಾಲಿನ ಎದುರಿಗೇ, ಗಂಟಲು ಹರಿಯುವಂತೆ ಹೇಳಿದ್ದೆ: "ಆ ಮನುಷ್ಯನ ಮೇಲೆ ಒಂದು ದಿನ ಕೇಸ್ ಹಾಕಿಸ್ತೀನಿ, ನೋಡ್ತಿರಿ!"

ಸಾಲಿನಲ್ಲಿದ್ದವರು ನೋಡುತ್ತಲೇ ಇದ್ದರು. ಆ ಮಾತನ್ನು ನಾನು ಮಧ್ಯಾಹ್ನದ ಹೊತ್ತಿಗೆ ಮರೆತೆ, ಅವರು ಮರೆಯಲಿಲ್ಲ.

ಆ ವರ್ಷ ಕಟಾವು ಶುರುವಾಗುವ ಮೊದಲು ಹೈವೇ ಪಕ್ಕದ ಕಾಲೇಜೊಂದರ ವಿದ್ಯಾರ್ಥಿ ಯಾವುದೋ ಮಾತ್ರೆ ನುಂಗಿ ಆಸ್ಪತ್ರೆ ಸೇರಿದ. ಸುದ್ದಿ ದೊಡ್ಡದಾಯಿತು. ನಮ್ಮ ಭಾಗದ ಮುಖಂಡರು ಶಾಲೆಯ ಮೈದಾನದಲ್ಲಿ ಶಾಮಿಯಾನ ಹಾಕಿಸಿ, ಮೂರು ತಿಂಗಳಲ್ಲಿ ಇಡೀ ತಾಲ್ಲೂಕನ್ನು ನಶೆಮುಕ್ತ ಮಾಡುವುದಾಗಿ ಘೋಷಿಸಿದರು. ಎಲ್ಲರೂ ಕೈ ಮುಂದೆ ಚಾಚಿ ಪ್ರಮಾಣ ಮಾಡಬೇಕಿತ್ತು. ಮುಂದಿನ ಸಾಲಿನಲ್ಲಿ ಇಬ್ಬರು ತೂರಾಡುತ್ತಲೇ ಕೈ ಚಾಚಿದರು. ಅವರು ಕುಡಿದದ್ದು ಸರ್ಕಾರದ ಪರವಾನಗಿ ಇದ್ದ ಅಂಗಡಿಯದು, ಆದ್ದರಿಂದ ಲೆಕ್ಕಕ್ಕಿರಲಿಲ್ಲ. ಆ ವಿದ್ಯಾರ್ಥಿಯ ತಾಯಿಯೂ ಬಂದಿದ್ದರು. ಮೈಕು ಕೇಳಲಿಲ್ಲ, ಕೂತಲ್ಲಿಂದಲೇ ಎದ್ದು ನಿಂತು, "ಅಲ್ಲ ಸಾಮಿ, ಆ ಮಾತ್ರೆ ಮಾರ್ದೋನು ಯಾರು ಅಂತ ಮೊದ್ಲು ಯೋಳಿ" ಎಂದರು. ಮುಖಂಡರು ಹಿಂದೆ ತಿರುಗಿ ತಮ್ಮ ಹುಡುಗರನ್ನು ನೋಡಿದರು. ಹುಡುಗರು ಮದ್ದೂರು ವಡೆ ಹಂಚಲು ಶುರು ಮಾಡಿದರು.

ಅದಾದ ಮೇಲೆ ನಮ್ಮ ಸರಹದ್ದಿನ ಎಸ್‌ಐ ಸತೀಶನಿಗೆ ನಿದ್ದೆ ಹೋಯಿತು. ಹೊಸದಾಗಿ ಬಂದಿದ್ದ, ತೆಳ್ಳಗಿನ, ಮಾತಿಗೊಮ್ಮೆ ಕ್ಯಾಪು ತೆಗೆದು ಹಾಕುವ ಮನುಷ್ಯ. ಮೇಲಿನವರಿಗೆ ಕೇಸು ಬೇಕು, ಮುಖಂಡರಿಗೆ ಫೋಟೋ ಬೇಕು. ಮಾತ್ರೆಯ ಜಾಡು ಹಿಡಿದು ಹೋಗಲು ತಿಂಗಳುಗಟ್ಟಲೆ ಬೇಕು. ಗಿಡವಾದರೆ ನಿಂತಲ್ಲೇ ನಿಂತಿರುತ್ತದೆ, ಓಡಿಹೋಗುವುದಿಲ್ಲ.

ಕಾರ್ತಿಕದ ಒಂದು ಬೆಳಿಗ್ಗೆ ಸತೀಶ ಆಸ್ಪತ್ರೆಗೆ ಬಂದ. "ಮೇಡಂ, ನೀವು ಗೆಜೆಟೆಡ್ ಆಫೀಸರ್ ಅಲ್ವಾ?"

ಇಡೀ ಊರಿನಲ್ಲಿ ಆವರೆಗೆ ಯಾರೂ ನನ್ನನ್ನು ಆ ಪ್ರಶ್ನೆ ಕೇಳಿರಲಿಲ್ಲ. ನನ್ನ ಜೇಬಿನಲ್ಲಿ ಸದಾ ಒಂದು ಹಸಿರು ಶಾಯಿಯ ಪೆನ್ನು ಇರುತ್ತಿತ್ತು. ಗೆಜೆಟೆಡ್ ಅಧಿಕಾರಿಗಳು ಹಸಿರಿನಲ್ಲಿ ಸಹಿ ಮಾಡುವುದು ವಾಡಿಕೆ. ಅದು ಮಕ್ಕಳ ಅಂಕಪಟ್ಟಿಯ ನಕಲಿಗೆ ದೃಢೀಕರಣ ಮಾಡುವುದು ಬಿಟ್ಟರೆ ಬೇರೆ ಉಪಯೋಗಕ್ಕೆ ಬಂದಿರಲಿಲ್ಲ.

"ಹೌದು, ಯಾಕೆ?" ಎಂದೆ, ಪೆನ್ನು ಕಾಣುವಂತೆ ಸ್ವಲ್ಪ ನೆಟ್ಟಗಾಗಿ.

"ಗಾಂಜಾ ದಾಳಿ. ಶೋಧನೆಗೆ ಗೆಜೆಟೆಡ್ ಆಫೀಸರ್ ಎದುರಿಗಿರ್ಬೇಕು. ತಹಶೀಲ್ದಾರ್ ಮೀಟಿಂಗಲ್ಲಿದಾರೆ. ಸುಮ್ನೆ ನಿಂತಿದ್ದು ಒಂದು ಸಹಿ ಹಾಕಿದ್ರೆ ಸಾಕು."

ನಾನು ಸೀರೆಯ ಮೇಲೆ ಬಿಳಿ ಕೋಟು ಹಾಕಿಕೊಂಡು ಜೀಪು ಹತ್ತಿದೆ. ಗಾಂಜಾಕ್ಕೂ ಬಿಳಿ ಕೋಟಿಗೂ ಏನು ಸಂಬಂಧ ಎಂದು ಆಗ ಹೊಳೆಯಲಿಲ್ಲ. ಎಲ್ಲಿಗೆ ಎಂದು ಕೇಳಲೂ ಇಲ್ಲ. ಜೀಪು ನಿಂತದ್ದು ಬೋರಣ್ಣನ ಮನೆಯ ಮುಂದೆ.

ಬೋರಣ್ಣ ಜಗಲಿಯ ಮೇಲೆ ಕೂತು ಹಗ್ಗ ಹೊಸೆಯುತ್ತಿದ್ದ. ಪೊಲೀಸರನ್ನು ಬಿಟ್ಟು ನನ್ನನ್ನೇ ನೋಡಿ ಎದ್ದ.

"ಬನ್ನಿ ಡಾಕ್ಟ್ರಮ್ಮ, ಎಮ್ಮೆ ನೋಡಕ್ ಬಂದ್ರಾ? ಈಯಕ್ಕೆ ಇನ್ನೂ ಐದ್ ತಿಂಗ್ಳದೆ."

"ಎಮ್ಮೆ ಅಲ್ಲಜ್ಜ, ಗಾಂಜಾ ಗಿಡ" ಎಂದ ಸತೀಶ.

"ಓ, ಸೊಪ್ಪಾ? ಇತ್ಲಲ್ಲಿ ಅದೆ ಬನ್ನಿ. ಲೇ ಸಣ್ಣಿ, ಸಾಹೇಬ್ರು ಬಂದವ್ರೆ, ಮಜ್ಜಿಗೆ ತತ್ತಾ."

ಹಿತ್ತಲಲ್ಲಿ ಕಬ್ಬಿನ ಬದುವಿಗೆ ಒತ್ತಿಕೊಂಡು ಐದು ಗಿಡ ಆಳುದ್ದ ಬೆಳೆದು ನಿಂತಿದ್ದವು. ಬೋರಣ್ಣ ಅವನ್ನು ಮುಚ್ಚಿಟ್ಟಿರಲಿಲ್ಲ; ಪಕ್ಕದಲ್ಲೇ ಬದನೆ ಗಿಡವಿತ್ತು, ಎರಡಕ್ಕೂ ಒಂದೇ ನೀರು. ಯಾಕೆ ಬೆಳೆಸಿದ್ದೀಯ ಎಂದು ಕೇಳಿದ್ದಕ್ಕೆ, "ದನಿನ್ ಬೇದಿಗೆ ಸಾಮಿ. ಬೆಲ್ಲದ್ ಜೊತೆ ಅರ್ದು ಉಂಡೆ ಮಾಡಿ ಕೊಟ್ರೆ ಒಂದೇ ದಿನಕ್ಕೆ ನಿಂತೋಯ್ತದೆ" ಎಂದ. ಸತೀಶ ನೋಡುತ್ತಲೇ ಇದ್ದದ್ದಕ್ಕೆ ತಲೆ ಕೆರೆದುಕೊಂಡು ಸೇರಿಸಿದ: "ಒಂದೊಂದ್ ಕಿತ ನಾನೂ ಒಸಿ ಸೇದಿ ನೋಡ್ತೀನಿ. ಔಸ್ದಿ ಕೊಡೋನಿಗೆ ಗೊತ್ತಿರ್ಬೇಕಲ್ವಾ, ಎಷ್ಟ್ ಗಟ್ಟಿ ಅದೆ ಅಂತ?"

ಕಾನ್‌ಸ್ಟೆಬಲ್‌ಗಳು ಗಿಡ ಕೀಳಲು ಹೋಗಿ ಸೊಂಟ ಹಿಡಿದುಕೊಂಡು ನಿಂತರು. ಬೋರಣ್ಣನಿಗೆ ನೋಡಲಾಗಲಿಲ್ಲ. "ಅಂಗ್ ಎಳುದ್ರೆ ನಡ ಇಡ್ಕತದೆ ಕಣಪ್ಪ, ಸರ್ಕೊಳಿ" ಎಂದು ತಾನೇ ಕೊಡ ತಂದು ಬುಡಕ್ಕೆ ನೀರು ಸುರಿದು, ಮಣ್ಣು ಮೆತ್ತಗಾದ ಮೇಲೆ ಒಂದೊಂದಾಗಿ ಕಿತ್ತು ಕೊಟ್ಟ. ಗಿಡಗಳು ಬೇರಿಗೆ ತೆಂಗಿನಕಾಯಿ ಗಾತ್ರದ ಕೆಸರಿನ ಮುದ್ದೆ ಕಟ್ಟಿಕೊಂಡು ಬಂದವು. ಹಿಂದಿನ ದಿನದ ಮಳೆಯೂ ಎಲೆಯಲ್ಲಿತ್ತು. ಸಣ್ಣಮ್ಮ ಎಲ್ಲರಿಗೂ ಮಜ್ಜಿಗೆ ಕೊಟ್ಟರು. ನಾನು ಎರಡು ಲೋಟ ಕುಡಿದೆ.

ಈಗ ತೂಕ. ಠಾಣೆಯಿಂದ ತಂದಿದ್ದ ಎಲೆಕ್ಟ್ರಾನಿಕ್ ತಕ್ಕಡಿ ತರಕಾರಿ ಅಂಗಡಿಯದರಷ್ಟು ಚಿಕ್ಕದು. ಗಿಡ ಇಟ್ಟರೆ ತಕ್ಕಡಿಯೇ ಮುಚ್ಚಿಹೋಗಿ, ಅಂಕಿಯೂ ಕಾಣುತ್ತಿರಲಿಲ್ಲ. ಹಾಗಾಗಿ ಮೆರವಣಿಗೆ ಪಕ್ಕದ ಆಲೆಮನೆಗೆ ಹೊರಟಿತು. ಅಲ್ಲಿ ತೊಲೆಗೆ ತೂಗುಬಿಟ್ಟ ದೊಡ್ಡ ತಕ್ಕಡಿ, ತೂಗುವವನು ಕೆಂಪಯ್ಯ. ಊರಿನ ಬೆಲ್ಲವೆಲ್ಲ ಅವನ ಕೈಯಲ್ಲೇ ತೂಗಿಸಿಕೊಂಡು ಹೋಗುವುದು. ಅವನು ತೂಕ ಹೇಳುತ್ತಿರಲಿಲ್ಲ, ಕೂಗುತ್ತಿದ್ದ. ಕೂಗಿದ್ದು ಮೂರನೆಯ ಗದ್ದೆಗೆ ಕೇಳುತ್ತಿತ್ತು. ಕೊಪ್ಪರಿಗೆಯಲ್ಲಿ ಕಬ್ಬಿನ ಹಾಲು ಉಕ್ಕುತ್ತಿತ್ತು, ಹೊಗೆ ಕಣ್ಣಿಗೆ ಹೊಡೆಯುತ್ತಿತ್ತು, ಕೆಲಸದವರೆಲ್ಲ ಕಬ್ಬು ಬಿಟ್ಟು ಸುತ್ತ ನಿಂತರು.

ಮೊದಲ ಗಿಡ ಏರಿತು. ತಕ್ಕಡಿಯ ಮುಳ್ಳು ಇನ್ನೂ ಅತ್ತಿತ್ತ ಆಡುತ್ತಿರುವಾಗಲೇ ಕೆಂಪಯ್ಯ ಕೂಗಿದ: "ನಾಲ್ಕೂವರೇ!"

ಎರಡನೆಯದು: "ನಾಕೂ!"

"ಸರ್ಯಾಗ್ ನೋಡ್ಲಾ ಕೆಂಪಾ" ಎಂದ ಬೋರಣ್ಣ. "ಇಷ್ಟೆತ್ತರ ಬೆಳ್ದಿರೋ ಗಿಡ ಬರೀ ನಾಕಾ?"

"ಅದ್ ಒಸಿ ಬಡ್ಕಲು ಕಣಣ್ಣ. ಮುಂದಿಂದ್ ನೋಡು... ನಾಲ್ಕೂವರೇ!"

ಆಮೇಲೆ ಮೂರೂವರೆ, ಮತ್ತೆ ನಾಲ್ಕೂವರೆ. ಒಟ್ಟು ಇಪ್ಪತ್ತೊಂದು ಕೆಜಿ. ಬೋರಣ್ಣನ ಮುಖ ಅರಳಿತು. ನನಗೆ ಮುಳ್ಳು ನಿಲ್ಲದ್ದು ಕಂಡಿತ್ತು. ಬೇರಿನ ಕೆಸರು ತಕ್ಕಡಿಯ ತಟ್ಟೆಗೆ ತೊಟ್ಟಿಕ್ಕುತ್ತಿದ್ದದ್ದೂ ಕಂಡಿತ್ತು. ಹೇಳಬಹುದಿತ್ತು. ಆದರೆ ಪತ್ರಿಕೆಯಿಂದ ಬಂದಿದ್ದ ಫೋಟೋದವನು "ಮೇಡಂ, ಸ್ವಲ್ಪ ಈ ಕಡೆ" ಎನ್ನುತ್ತಿದ್ದ, ಸತೀಶ ಜೀಪಿನ ಬಾನೆಟ್ಟಿನ ಮೇಲೆ ಮಹಜರು ಹರಡಿ ನಿಂತಿದ್ದ. ಇನ್ನೊಂದು ವಿಷಯ, ಹೇಳಲು ನಾಚಿಕೆಯಾಗುತ್ತದೆ, ಆದರೂ ಹೇಳುತ್ತೇನೆ: ಎದುರಾಳಿ ಸಿಕ್ಕಿಬಿದ್ದನಲ್ಲ ಎಂದು ನನಗೆ ಒಳಗೊಳಗೇ ಸ್ವಲ್ಪ ಖುಷಿಯಾಗಿತ್ತು. ಹಸಿರು ಪೆನ್ನು ತೆಗೆದು, ಅಕ್ಷರ ಉರುಟಾಗಿ ಬರುವಂತೆ ಸಹಿ ಹಾಕಿದೆ. ಸಾಕ್ಷಿಯಾಗಿ ಕೆಂಪಯ್ಯ ಹೆಬ್ಬೆಟ್ಟು ಒತ್ತಿದ. ಜೀಪಿಗೆ ಬೋರಣ್ಣನನ್ನು ಹತ್ತಿಸಿದಾಗ ಅವನು ಹೆಂಡತಿಗೆ, "ಎಮ್ಮೇಗ್ ನೀರ್ ಮಡಗು, ಸಂಜೀಕ್ ಬತ್ತೀನಿ" ಎಂದ.

ಮರುದಿನ ಪತ್ರಿಕೆಯಲ್ಲಿ 'ಭಾರೀ ಗಾಂಜಾ ಬೇಟೆ'. ಫೋಟೋದಲ್ಲಿ ಬಿಳಿ ಕೋಟಿನ ನಾನು, ಕ್ಯಾಪು ಸರಿಮಾಡಿಕೊಳ್ಳುತ್ತಿರುವ ಸತೀಶ, ನಡುವೆ ನಗುತ್ತಿರುವ ಬೋರಣ್ಣ. ನೋಡಿದವರಿಗೆ ಅವನಿಗೇ ಏನೋ ಪ್ರಶಸ್ತಿ ಬಂದಿದೆ ಎನಿಸಬೇಕು. ಮುಖಂಡರು ಸತೀಶನಿಗೆ ಶಾಲು ಹೊದಿಸಿದರು. ನನಗೊಂದು ಹಣ್ಣಿನ ಬುಟ್ಟಿ ಬಂತು.

ಬೋರಣ್ಣ ಸಂಜೆಗೆ ಬರಲಿಲ್ಲ. ವಾರಕ್ಕೂ ಬರಲಿಲ್ಲ. ನನ್ನ ಆಸ್ಪತ್ರೆಗೂ ಯಾರೂ ಬರಲಿಲ್ಲ.

"ಯಾಕೆ ಪುಟ್ಟಸ್ವಾಮಿ, ಊರಿನ ದನಕ್ಕೆಲ್ಲ ಒಮ್ಮೆಲೇ ಆರೋಗ್ಯ ಬಂತಾ?"

ಪುಟ್ಟಸ್ವಾಮಿ ಬಾಗಿಲ ಹತ್ತಿರ ಹೋಗಿ ನಿಂತ. ಕೆಟ್ಟ ಸುದ್ದಿ ಕೊಡುವಾಗ ಓಡಲು ಅನುಕೂಲವಾಗಲೆಂದು ಯಾವಾಗಲೂ ಅಲ್ಲೇ ನಿಲ್ಲುವುದು. "ಬೋರಣ್ಣನ್ನ ನೀವೇ ಇಡ್ಸಿದ್ದು ಅಂತ ಮಾತಾಡ್ಕತಾವ್ರೆ ಮೇಡಂ. ಡೈರಿ ಮುಂದೆ ಅವತ್ತು ನೀವೇ ಯೋಳಿದ್ರಂತಲ್ಲ, ಕೇಸ್ ಆಕಿಸ್ತೀನಿ ಅಂತ. ಅವ್ನಿದ್ರೆ ನಿಮ್ಗೆ ಯಾಪಾರ ಇಲ್ಲ, ಅದ್ಕೇಯ ಅಂತ."

"ವ್ಯಾಪಾರ ಏನು ಬಂತು, ನಂದು ಸರ್ಕಾರಿ ಸಂಬಳ!"

"ನಾನೂ ಅದೇ ಯೋಳ್ದೆ. ಅವರು ನಗಾಡುದ್ರು."

ಅಂದಿನಿಂದ ಊರಿನಲ್ಲಿ ನನಗೆ ಬಹಿಷ್ಕಾರ. ಯಾರೂ ಒಂದು ಕೆಟ್ಟ ಮಾತು ಆಡಲಿಲ್ಲ, ಅದೇ ಕಷ್ಟ. ಮಂಡ್ಯದ ಕಡೆಯವರು ಬೈಯುತ್ತಿದ್ದಾರೆ ಎಂದರೆ ಇನ್ನೂ ನಂಟು ಉಳಿದಿದೆ ಎಂದರ್ಥ. "ಆಯ್ತು ಬುಡಿ ಡಾಕ್ಟ್ರಮ್ಮ" ಎಂದು ಮೆತ್ತಗೆ ಹೇಳಿದರೆ ಕತೆ ಮುಗಿಯಿತು. ಎಲ್ಲರೂ ಮೆತ್ತಗೆ ಹೇಳಿದರು. ಹಸುವಿಗೆ ಜ್ವರ ಬಂದರೆ ಟೆಂಪೋದಲ್ಲಿ ಹಾಕಿಕೊಂಡು ಮದ್ದೂರಿಗೆ ಹೋದರೇ ಹೊರತು ನನ್ನ ಅಂಗಳಕ್ಕೆ ತರಲಿಲ್ಲ. ಕಬ್ಬಿಣದ ಚೌಕಟ್ಟಿನ ಮೇಲೆ ಪುಟ್ಟಸ್ವಾಮಿ ಪಂಚೆ ಒಣಗಿಹಾಕಲು ಶುರು ಮಾಡಿದ.

ಬೋರಣ್ಣನ ಜಾಮೀನು ಅರ್ಜಿ ವಜಾ ಆಯಿತೆಂದು ಕೇಳಿದಾಗ ಮದ್ದೂರಿನ ಒಬ್ಬ ವಕೀಲರನ್ನು ವಿಚಾರಿಸಿದೆ. "ಗಾಂಜಾ ಇಪ್ಪತ್ತು ಕೆಜಿ ದಾಟಿದ್ರೆ ವ್ಯಾಪಾರದ ಪ್ರಮಾಣ ಅಂತಾರೆ ಮೇಡಂ. ಕೊಲೆ ಕೇಸಲ್ಲಿ ಬೇಕಾದ್ರೂ ಜಾಮೀನು ಸಿಗುತ್ತೆ, ಇದ್ರಲ್ಲಿ ಕಷ್ಟ. ನಿಮ್ಮ ಮಹಜರಲ್ಲಿ ಇಪ್ಪತ್ತೊಂದಿದೆಯಲ್ಲ" ಎಂದರು. 'ನಿಮ್ಮ ಮಹಜರು' ಎಂದದ್ದು ಕಿವಿಗೆ ಅಂಟಿಕೊಂಡಿತು. ಆದರೂ ಏನೂ ಮಾಡಲಿಲ್ಲ. ಸರ್ಕಾರಿ ಕಾಗದಕ್ಕೆ ಸಹಿ ಹಾಕಿದ ಮೇಲೆ ಅದು ತಪ್ಪು ಎಂದು ಹೇಳಲು ಬೇಕಾದ ಧೈರ್ಯ ನನಗೆ ಯಾವ ಪರೀಕ್ಷೆಯಲ್ಲೂ ಕಲಿಸಿರಲಿಲ್ಲ. ಕಟಾವು ಮುಗಿಯಿತು, ಆಲೆಮನೆಯ ಹೊಗೆ ನಿಂತಿತು. ಸಣ್ಣಮ್ಮ ಸೋಮವಾರಗಳಲ್ಲಿ ವೈದ್ಯನಾಥಪುರದ ದೇವಸ್ಥಾನಕ್ಕೆ ಹೋಗಿ ಗಂಡನಿಗಾಗಿ ಹರಕೆ ಹೊರುತ್ತಿದ್ದಾರೆಂದು ತಿಳಿಯಿತು. ಮನುಷ್ಯ ವೈದ್ಯರ ಮೇಲೆ ಅವರಿಗೆ ಭರವಸೆ ಉಳಿದಿರಲಿಲ್ಲ.

ಬೇಸಿಗೆಯ ಒಂದು ಮಟಮಟ ಮಧ್ಯಾಹ್ನ ಆಸ್ಪತ್ರೆಯ ಗೇಟಿನಲ್ಲಿ ಸಣ್ಣಮ್ಮ ನಿಂತಿದ್ದರು. ನನ್ನ ಮುಖ ನೋಡಲಿಲ್ಲ. ನಾನು ಮೂರು ಅಡಿ ದೂರದಲ್ಲಿ ಇದ್ದರೂ ಪುಟ್ಟಸ್ವಾಮಿಗೆ ಹೇಳಿದರು: "ಯೋಳಪ್ಪ ನಿಮ್ ಡಾಕ್ಟ್ರಮ್ಮಂಗೆ, ಬೆಳಿಗ್ಗಿಂದ ಎಮ್ಮೆ ಈಯಕಾಗ್ದೆ ಒದ್ದಾಡ್ತಾ ಅದೆ. ಮದ್ದೂರ್ಗೆ ಸಾಗ್ಸಕಾಗಕಿಲ್ಲ."

ಪುಟ್ಟಸ್ವಾಮಿ ನನ್ನ ಕಡೆ ತಿರುಗಿ ಅಷ್ಟನ್ನೂ ಮತ್ತೆ ಹೇಳಿದ.

ಹೋದೆವು. ಕರು ಅಡ್ಡ ಸಿಕ್ಕಿತ್ತು, ಕಾಲೊಂದು ಹಿಂದಕ್ಕೆ ಮಡಚಿಕೊಂಡಿತ್ತು. ತೋಳಿನವರೆಗೂ ಕೈ ಹಾಕಿ ಅರ್ಧ ಗಂಟೆ ಒದ್ದಾಡಿದರೂ ತಿರುಗಲಿಲ್ಲ. ನನ್ನ ಕಣ್ಣಿಗೆ ಬೆವರು, ಎಮ್ಮೆಯ ಬಾಲದ ಪೆಟ್ಟು ಕೆನ್ನೆಗೆ. ಆಗ ಹಿಂದಿನಿಂದ ಸಣ್ಣಮ್ಮ: "ಯೋಳಪ್ಪ ಪುಟ್ಟಸ್ವಾಮಿ, ಎಳೀಬ್ಯಾಡ ಅಂತ. ಮೊದ್ಲು ಒಳೀಕ್ ತಳ್ಳಿ, ಎಮ್ಮೆ ತಿಣುಕೋದ್ ನಿಂತಾಗ ಮಂಡಿ ಇಡ್ಕಂಡು ಬಗ್ಗಿಸ್ಬೇಕಂತೆ. ನಮ್ಮೋನು ಅಂಗೇ ಮಾಡೋನು."

"ಮೇಡಂ, ಎಳೀಬಾರ್ದಂತೆ—"

"ಕೇಳಿಸ್ತು ಪುಟ್ಟಸ್ವಾಮಿ!"

ಪುಸ್ತಕದಲ್ಲೂ ಹಾಗೇ ಇದೆ, ಗಾಬರಿಯಲ್ಲಿ ಮರೆತಿದ್ದೆ. ಒಳಕ್ಕೆ ತಳ್ಳಿ, ಕಾದು, ಬಗ್ಗಿಸಿದೆ. ಹೆಣ್ಣು ಕರು, ಜೀವ ಇತ್ತು. ಸಣ್ಣಮ್ಮ ಹುಲ್ಲಿನಿಂದ ಅದರ ಮೈ ಉಜ್ಜಿದರು, ನನಗೆ ಕೈ ತೊಳೆಯಲು ನೀರು ಹೊಯ್ದರು. ಐದು ತಿಂಗಳಲ್ಲಿ ಮೊದಲ ಸಲ ನೇರವಾಗಿ ನನ್ನನ್ನು ನೋಡಿದರು.

"ಜೈಲ್ನಲ್ಲಿ ಅಲ್ಲಿಯೋರ್ ಮನೆ ಹಸುಗೊಳ್ಗೆಲ್ಲ ಔಸ್ದಿ ಯೋಳ್ತಾ ಕೂತವ್ನಂತೆ, ಪೆದ್ದು ಮುಂಡೇದು" ಎಂದರು. ಸೆರಗಿನಿಂದ ಮೂಗು ಒರೆಸಿಕೊಂಡರು. "ಕೈ ನಡುಗ್ತದೆ ಕಣವ್ವ ಅವ್ನಿಗೆ. ಮೊನ್ನೆ ನೋಡಕ್ ಓದಾಗ ಲೋಟ ಇಡ್ಕಳಕ್ಕೂ ಆಗ್ಲಿಲ್ಲ. ನಿಮ್ ಸೈನಿಂದ ಓದೋನು, ನಿಮ್ ಸೈನಿಂದ್ಲೇ ಬರ್ಬೇಕು. ಇನ್ಯಾರ್ನ ಕೇಳ್ಲಿ ನಾನು?"

ಅಲ್ಲಿಂದ ನೇರ ಕೆಂಪಯ್ಯನ ಹತ್ತಿರ ಹೋದೆ. ಆಲೆಮನೆ ಮುಚ್ಚಿತ್ತು, ಅವನು ಹಲಸಿನ ಮರದ ಕೆಳಗೆ ಮಲಗಿದ್ದ.

"ಕೆಂಪಯ್ಯ, ಆವತ್ತು ಮುಳ್ಳು ನಿಲ್ಲೋ ಮೊದ್ಲೇ ಕೂಗಿದ್ಯಲ್ಲ. ನಿಜವಾಗ್ಲೂ ಎಷ್ಟಿತ್ತು?"

ಅವನು ಎದ್ದು ಕೂತ. ಸುತ್ತ ನೋಡಿ, ಗುಟ್ಟು ಹೇಳುವವನಂತೆ ದನಿ ತಗ್ಗಿಸಿದ. "ಒಂದೊಂದ್ ಗಿಡುಕ್ಕೂ ಅರ್ಧ ಕೇಜಿ ಮ್ಯಾಲ್ ಕೂಗ್ದೆ ಡಾಕ್ಟ್ರಮ್ಮ. ಬೋರಣ್ಣ ನನ್ ಎತ್ತು ಉಳ್ಸಿದ್ದೋನು. ನಮ್ಮೋರ್ ಬೆಲ್ಲ ಬಂದ್ರೆ ಅರ್ಧ ಏರಿಸ್ ಕೂಗೋದು ನಂ ಅಪ್ಪನ್ ಕಾಲದಿಂದ್ಲೂ ಅದೆ. ಪೊಲೀಸ್ನೋರು ಗಿಡ ತಗೊಂಡ್ ಓಯ್ತಾವ್ರೆ, ಬೋರಣ್ಣಂಗೆ ಮೋಸ ಆಗ್ಬಾರ್ದು ಅಂತ..." ಸ್ವಲ್ಪ ತಡೆದು ಕೇಳಿದ: "ಯಾಕವ್ವ, ಇನ್ನೂ ಒಸಿ ಏರಿಸ್ಬೇಕಿತ್ತಾ?"

ನಾನು ನಕ್ಕೆನೋ ಅತ್ತೆನೋ ನೆನಪಿಲ್ಲ. ಐದು ಅರ್ಧ ಎಂದರೆ ಎರಡೂವರೆ. ಬೇರು, ಕೆಸರು, ಮಳೆನೀರು ಎಲ್ಲ ಸೇರಿಯೂ ಹದಿನೆಂಟೂವರೆ. ಆ ಮನುಷ್ಯನನ್ನು ಜೈಲಿನಲ್ಲಿ ಹಿಡಿದಿಟ್ಟಿದ್ದು ಕೆಂಪಯ್ಯನ ಪ್ರೀತಿ ಮತ್ತು ನನ್ನ ಹಸಿರು ಶಾಯಿ. ತೂಕ ಜಾಸ್ತಿಯಾದರೆ ಏನಾಗುತ್ತದೆ ಎಂದು ವಿವರಿಸಿದೆ. ಕೆಂಪಯ್ಯ ಟವೆಲು ಕೊಡವಿ ಎದ್ದು, "ಎಲ್ ಬಂದ್ ಯೋಳ್ಬೇಕು ಯೋಳಿ, ಬತ್ತೀನಿ" ಎಂದ.

ಸತೀಶನನ್ನು ಹುಡುಕಿಕೊಂಡು ಠಾಣೆಗೆ ಹೋದರೆ ಅವನು ಅಲ್ಲಿರಲಿಲ್ಲ. ಮದ್ದೂರಿನ ಬಸ್ ನಿಲ್ದಾಣದಲ್ಲಿ ಸಿಕ್ಕಿದ, ಯೂನಿಫಾರಂ ಇಲ್ಲದೆ, ಕಾಲ ಬಳಿ ಎರಡು ಸೂಟ್‌ಕೇಸು. ಹೈವೇ ಪಕ್ಕದ ಅಂಗಡಿಯೊಂದರಲ್ಲಿ ಮಾತ್ರೆ ಮಾರುತ್ತಿದ್ದವನನ್ನು ಕೊನೆಗೂ ಹಿಡಿದಿದ್ದನಂತೆ. ಆತ ಮುಖಂಡರ ಬಲಗೈ ಬಂಟನ ಭಾಮೈದ.

"ಐದು ಗಿಡ ಕಿತ್ತಾಗ ಶಾಲು ಹೊದಿಸಿದ್ರು ಮೇಡಂ. ಐದು ಪ್ಯಾಕೆಟ್ ಹಿಡಿದಾಗ ಟ್ರಾನ್ಸ್‌ಫರ್. ಮಗಳ ಸ್ಕೂಲು ಪರೀಕ್ಷೆ ಹೊತ್ತಲ್ಲಿ ಬಿಡಿಸೋ ಹಾಗಾಯ್ತು" ಎಂದ. ಅಭ್ಯಾಸಬಲದಿಂದ ಕೈ ತಲೆಗೆ ಹೋಯಿತು, ಕ್ಯಾಪು ಇರಲಿಲ್ಲ. ನಾನು ಕೆಂಪಯ್ಯನ ಕತೆ ಹೇಳಿದೆ. ಅವನ ಕೈಯಲ್ಲಿದ್ದ ವಡೆ ಹಾಗೇ ನಿಂತಿತು. ಹೇಳಿಕೆ ಬದಲಾದರೆ ಅವನ ತಲೆಗೂ ಬರುತ್ತದೆಂದು ಇಬ್ಬರಿಗೂ ಗೊತ್ತಿತ್ತು.

"ಆ ಅಜ್ಜ ದಾರೀಲಿ ನನ್ನ ಕೆಮ್ಮಿಗೆ ಔಷಧಿ ಹೇಳ್ದ ಮೇಡಂ, ಜೀಪಲ್ಲಿ" ಎಂದ ಕೊನೆಗೆ. "ವಾಸಿಯಾಯ್ತು. ಕೋರ್ಟಲ್ಲಿ ಕೇಳಿದ್ರೆ ಕಂಡದ್ದನ್ನ ಹೇಳ್ಬಿಡಿ." ಬಸ್ಸು ಬಂತು, ಹತ್ತಿದ.

ಕೋರ್ಟಿನಲ್ಲಿ ನಮ್ಮನ್ನು ಕೇಳುವಷ್ಟರಲ್ಲಿ ಮತ್ತೊಂದು ಕಟಾವು ಹತ್ತಿರ ಬಂದಿತ್ತು. ಮಂಡ್ಯದ ಕೋರ್ಟಿಗೆ ಕೆಂಪಯ್ಯ ಮಗನ ಮದುವೆಯ ಪಂಚೆ ಉಟ್ಟು ಬಂದಿದ್ದ. ಕಟಕಟೆಯಲ್ಲಿ ನಿಂತು, ಆಲೆಮನೆಯಲ್ಲಿ ಕೂಗುವ ದನಿಯಲ್ಲೇ ಪ್ರಮಾಣ ಮಾಡಿದ. ಹೊರಗಿನ ಕಾರಿಡಾರಿನಲ್ಲಿ ಕಾಯುತ್ತಿದ್ದವರು ಇಣುಕಿ ನೋಡಿದರು. ತೂಕ ಏರಿಸಿದ್ದನ್ನು ಒಪ್ಪಿಕೊಂಡ.

"ಯಾಕೆ ಏರಿಸಿದೆ?" ಎಂದರು ನ್ಯಾಯಾಧೀಶರು.

"ನಮ್ಮೋನಲ್ವಾ ಸಾಮಿ? ಬೇರೆಯೋನಾಗಿದ್ರೆ ಇಳಿಸ್ತಿದ್ದೆ."

ನ್ಯಾಯಾಧೀಶರು ಫೈಲನ್ನು ಮುಖಕ್ಕೆ ಅಡ್ಡ ಹಿಡಿದರು. ಆಮೇಲೆ ನನ್ನ ಸರದಿ. ಬೇರು, ಕೆಸರು, ನೀರು, ನಿಲ್ಲದ ಮುಳ್ಳು, ಎಲ್ಲ ಹೇಳಿದೆ. ಸರ್ಕಾರಿ ವಕೀಲರು ಸಿಟ್ಟಾದರು.

"ಅಂದ್ರೆ ಗೆಜೆಟೆಡ್ ಅಧಿಕಾರಿಯಾಗಿ ನೀವು ಓದದೇ ಸಹಿ ಹಾಕಿದ್ರಿ?"

"ಓದಿದ್ದೆ ಸಾರ್. ಯೋಚನೆ ಮಾಡಿರ್ಲಿಲ್ಲ."

ಬೋರಣ್ಣ ಮೂಲೆಯಲ್ಲಿ ನಿಂತಿದ್ದ, ಅಂಗಿಯೊಳಗೆ ಅರ್ಧವಾಗಿದ್ದ. ನಾನು ಇಳಿದು ಬರುವಾಗ ಮೆತ್ತಗೆ ಕೇಳಿದ: "ಎಮ್ಮೆ ಏನ್ ಈದ್ತು ಡಾಕ್ಟ್ರಮ್ಮ?"

"ಹೆಣ್ಣು ಕರು."

"ಅಂಗಾರೆ ಸರಿ ಬುಡಿ."

ಅದೇ ವಾರ ಜಾಮೀನು ಸಿಕ್ಕಿತು. ನನಗೆ ಇಲಾಖೆಯಿಂದ ನೋಟಿಸು ಬಂತು, ಒಂದು ಬಡ್ತಿ ಹಿಂದೆ ಬಿತ್ತು. ಮುಖಂಡರು ಮತ್ತೊಂದು ಶಾಮಿಯಾನ ಹಾಕಿಸಿ ತಾಲ್ಲೂಕು ನಶೆಮುಕ್ತವಾಗಿದೆ ಎಂದು ಘೋಷಿಸಿದರು. ಮಾತ್ರೆಯ ಅಂಗಡಿ ರಸ್ತೆಯ ಈ ಬದಿಯಿಂದ ಆ ಬದಿಗೆ ಹೋಯಿತು. ಬೋರಣ್ಣ ವಾಪಸು ಬಂದ, ಆದರೆ ಕೈ ನಡುಕ ನಿಲ್ಲಲಿಲ್ಲ. ಕರು ತಿರುಗಿಸುವ ಕೈ ಅದಲ್ಲ ಎಂದು ಅವನೇ ದನ ಮುಟ್ಟುವುದನ್ನು ಬಿಟ್ಟ. ಊರಿನ ದನಗಳೆಲ್ಲ ಈಗ ಆಸ್ಪತ್ರೆಗೇ ಬರತೊಡಗಿದವು. ಎದುರಾಳಿ ಇಲ್ಲದ ಆ ಗೆಲುವು ನನಗೆ ಸ್ವಲ್ಪವೂ ಬೇಕಿರಲಿಲ್ಲ. ವರ್ಗವಾಗುವವರೆಗೂ, ಕಷ್ಟದ ಹೆರಿಗೆ ಬಂದಾಗಲೆಲ್ಲ ಅವನನ್ನು ಕರೆಸಿ ಪಕ್ಕದಲ್ಲಿ ಕೂರಿಸಿಕೊಂಡೇ ಕೈ ಹಾಕುತ್ತಿದ್ದೆ. ಅವನ ಕೇಸು ಇನ್ನೂ ನಡೆಯುತ್ತಿದೆ.

ಇಷ್ಟೆಲ್ಲ ಜೀಪಿನಲ್ಲಿ ಕೂತು ನೆನೆದು, ಕೊನೆಗೂ ಇಳಿದೆ. ಆಲೆಮನೆಯಲ್ಲಿ ಕೆಂಪಯ್ಯನಿದ್ದ, ತಲೆ ಪೂರ್ತಿ ನೆರೆತಿತ್ತು. ತೊಲೆಯ ತಕ್ಕಡಿ ಇರಲಿಲ್ಲ; ಅದರ ಜಾಗದಲ್ಲಿ ಕೆಂಪು ಅಂಕಿ ಮಿನುಗುವ ಹೊಸ ಯಂತ್ರ. ಪಕ್ಕದಲ್ಲೇ ಕಬ್ಬಿನ ಸಿಪ್ಪೆಯ ರಾಶಿಯ ಮೇಲೆ ಬೋರಣ್ಣ ಕಾಲು ಚಾಚಿ ಕೂತಿದ್ದ.

"ಓ, ದನಿನ್ ಡಾಕ್ಟ್ರಮ್ಮ! ದಪ್ಪ ಆಗ್ಬುಟ್ಟಿದೀರಿ" ಎಂದ ಬೋರಣ್ಣ. ಬೈಗುಳ ಕೇಳಿ ಜೀವ ತಣ್ಣಗಾಯಿತು.

ಎರಡು ಕೆಜಿ ಅಚ್ಚುಬೆಲ್ಲ ಕೇಳಿದೆ. ಕೆಂಪಯ್ಯ ಯಂತ್ರದ ಮೇಲೆ ಇಟ್ಟ. ಒಂದು ಚೂರು ಮೇಲಿತ್ತು. ಕೊನೆಯ ಅಚ್ಚು ತೆಗೆದು, ಚಾಕುವಿನಿಂದ ಮೂಲೆ ಕೆತ್ತಿದ, ಮತ್ತೆ ಇಟ್ಟ, ಮತ್ತೆ ಕೆತ್ತಿದ. ಅಂಕಿ ಸರಿಯಾಗಿ ಎರಡಕ್ಕೆ ಬಂದು ನಿಲ್ಲುವವರೆಗೂ ಉಸಿರು ಬಿಡಲಿಲ್ಲ. ಕೂಗಲೂ ಇಲ್ಲ, ಯಂತ್ರವನ್ನು ನನ್ನ ಕಡೆ ತಿರುಗಿಸಿ ತೋರಿಸಿದ.

"ಏನ್ ಕೆಂಪಯ್ಯ, ನಾವೀಗ ನಮ್ಮೋರಲ್ವಾ?" ಎಂದೆ ನಗುತ್ತಾ.

ಅವನು ನಗಲಿಲ್ಲ. "ನಮ್ಮೋರು ಅಂತ್ಲೇ ಕಣವ್ವ, ಇಂಗ್ ತೂಗ್ತಿರೋದು" ಎಂದ.

ಬೋರಣ್ಣ ಮುಂದೆ ಬಗ್ಗಿ, ಚಾಕುವಿನ ಪಕ್ಕ ಬಿದ್ದಿದ್ದ ಬೆಲ್ಲದ ಚೂರುಗಳನ್ನು ನಡುಗುವ ಬೆರಳಿನಲ್ಲಿ ಒಂದೊಂದಾಗಿ ಆಯ್ದು, ನನ್ನ ಬೆವೆತ ಅಂಗೈಯಲ್ಲಿಟ್ಟ.

"ಇದ್ನ ಎಲ್ಲೂ ಬರ್ಕೋಬ್ಯಾಡಿ ಡಾಕ್ಟ್ರಮ್ಮ. ಸುಮ್ಕೆ ಬಾಯ್ಗ್ ಆಕ್ಕಳಿ."

ಹಾಕಿಕೊಂಡೆ.